ಈ ಹಾಡು ಹಾಡುವವರು ಯಾರು?

ಮೋಟಾರ್ ಗ್ಯಾರೇಜಿನಲ್ಲಿ ಬಣ್ಣ ಬೆರೆಸುತ್ತಿದ್ದ ಹುಡುಗ ಚಿತ್ರಗೀತೆಗೆ ಬಂದ. ಅಲ್ಲಿಂದ ಸಂಭಾಷಣೆಗೆ, ನಿರ್ದೇಶನಕ್ಕೆ, ದೂರದರ್ಶನಕ್ಕೆ, ಆಸ್ಕರ್‌ಗೆ, ಜ್ಞಾನಪೀಠಕ್ಕೆ! ತೊಂಬತ್ತು ದಾಟಿದ ಗುಲ್ಜಾರ್ ಮಾಧ್ಯಮ ಎಷ್ಟು ಬದಲಿಸಿದರೂ ಕೇಳಿಕೊಂಡ ಪ್ರಶ್ನೆ ಮಾತ್ರ ಅದೇ.

1993ರ ಒಂದು ಭಾನುವಾರ ಬೆಳಿಗ್ಗೆ. ಬೀದಿಯಲ್ಲಿ ಟೀವಿ ಇರುವ ಮನೆ ಯಾವುದೆಂದು ಯಾರನ್ನೂ ಕೇಳಬೇಕಾಗಿಲ್ಲ, ಬಾಗಿಲಲ್ಲಿ ಬಿದ್ದಿರುವ ಪುಟಾಣಿ ಚಪ್ಪಲಿಗಳೇ ಹೇಳುತ್ತವೆ. ಒಳಗೆ ಚಾಪೆ ತುಂಬ ಮಕ್ಕಳು. ಮೇಲೆ ತಾರಸಿಯಲ್ಲಿ ಒಬ್ಬ ಆಂಟೆನಾ ತಿರುಗಿಸುತ್ತಿದ್ದಾನೆ.

‘ಬಂತಾ?’

‘ಇಲ್ಲ, ಇನ್ನೂ ಸ್ವಲ್ಪ ಆ ಕಡೆ!’

ಅಷ್ಟರಲ್ಲಿ ಪರದೆಯ ಮೇಲಿನ ಚುಕ್ಕೆಗಳು ಕರಗಿ ಕಾಡು ಕಾಣಿಸಿಕೊಳ್ಳುತ್ತದೆ. ‘ಜಂಗಲ್ ಬುಕ್’ನ ಶೀರ್ಷಿಕೆ ಗೀತೆ ಶುರು. ಹಿಂದಿಯ ಗಂಧಗಾಳಿ ಇಲ್ಲದ ಮಕ್ಕಳಿಗೂ ಅದು ಬಾಯಿಪಾಠ. ‘ಚಡ್ಡಿ’ ಎಂಬ ಮಾತು ಬರುತ್ತಿದ್ದಂತೆ ಒಬ್ಬರ ಮುಖ ಒಬ್ಬರು ನೋಡಿಕೊಂಡು ಕಿಸಕ್ಕನೆ ನಗು.

ಕಾರ್ಟೂನು ಜಪಾನಿನದು. ನಿಪ್ಪಾನ್ ಅನಿಮೇಷನ್ ಸಂಸ್ಥೆ ಮಾಡಿದ 52 ಕಂತುಗಳ ಸರಣಿ. ಆದರೆ ಹಾಡು ಇಲ್ಲಿನದೇ. ಅದಕ್ಕೆ ರಾಗ ಹಾಕಿದವರು ಆಗಿನ್ನೂ ಹೆಸರು ಮಾಡಿರದ ವಿಶಾಲ್ ಭಾರದ್ವಾಜ್. ಬರೆದವರಿಗೆ ಅರವತ್ತು ಹತ್ತಿರವಾಗಿತ್ತು. ಅಷ್ಟು ಹೊತ್ತಿಗೆ ಚಿತ್ರಕಥೆಗೆ ಒಂದು, ಗೀತರಚನೆಗೆ ಎರಡು ರಾಷ್ಟ್ರಪ್ರಶಸ್ತಿ ಪಡೆದಿದ್ದ ಗುಲ್ಜಾರ್.

ಮಕ್ಕಳ ಹಾಡಿನಲ್ಲಿ ಚಡ್ಡಿ ಯಾಕೆ, ಬೇರೆ ಏನಾದರೂ ಹಾಕಬಾರದೇ ಎಂಬ ತಕರಾರು ಎದ್ದಿತ್ತು. ಕವಿ ಜಗ್ಗಲಿಲ್ಲ. ಹಾಡುತ್ತಿರುವುದು ಕಾಡಿನ ಕೂಸುಗಳು, ಸುದ್ದಿ ಮೋಗ್ಲಿಯದು, ಅವನ ಮೈಮೇಲೆ ಇರುವುದೇ ಅದೊಂದು. ಮಕ್ಕಳು ಆಡುವ ಮಾತನ್ನು ಮಕ್ಕಳ ಬಾಯಿಂದ ಕಿತ್ತು ದೊಡ್ಡವರ ಮಾತನ್ನು ತುರುಕಿದರೆ ಮತ್ತೆ ಅದನ್ನು ಹಾಡುವವರು ಯಾರು?

## ಛಾಯೆ ಹಿಡಿಯುವ ಕೆಲಸ

ಗುಲ್ಜಾರ್, ಅಂದರೆ ಸಂಪೂರಣ್ ಸಿಂಗ್ ಕಾಲ್ರಾ, ಹುಟ್ಟಿದ್ದು 1934ರ ಆಗಸ್ಟ್ 18ರಂದು, ಝೇಲಂ ಜಿಲ್ಲೆಯ ದೀನಾ ಎಂಬ ಊರಿನಲ್ಲಿ. ಇಂದು ಅದು ಪಾಕಿಸ್ತಾನದಲ್ಲಿದೆ. ಹಸುಗೂಸಾಗಿದ್ದಾಗಲೇ ತಾಯಿ ತೀರಿಕೊಂಡರು. ಮುಂದೆ ದೇಶ ಇಬ್ಭಾಗವಾದಾಗ ಕುಟುಂಬದ ನೆಲೆ ದೆಹಲಿಯಾಯಿತು.

ದೆಹಲಿಯಲ್ಲಿ ರಾತ್ರಿ ಅಂಗಡಿಯ ಉಗ್ರಾಣದಲ್ಲಿ ಮಲಗುತ್ತಿದ್ದ ಹುಡುಗನಿಗೆ ಹೊತ್ತು ಕಳೆಯಲು ಬಾಡಿಗೆ ಪುಸ್ತಕಗಳೇ ಗತಿ. ಕೊಟ್ಟ ಪುಡಿಗಾಸಿಗೆ ಎಷ್ಟು ಬೇಕಾದರೂ ಓದಬಹುದಿತ್ತು. ಪತ್ತೇದಾರಿ ಕಾದಂಬರಿಯನ್ನು ರಾತ್ರಿ ಒಯ್ದು ಬೆಳಗಾಗುವಷ್ಟರಲ್ಲಿ ಮುಗಿಸಿ ಬರುವ ಈ ಗಿರಾಕಿಯ ಕಾಟ ತಾಳದೆ ಪುಸ್ತಕದ ಅಂಗಡಿಯವನು ಒಮ್ಮೆ ಮೇಲಿನ ಅಟ್ಟಣೆಯಿಂದ ಯಾರೂ ಮುಟ್ಟದ ಪುಸ್ತಕವೊಂದನ್ನು ಇಳಿಸಿ ಕೊಟ್ಟ. ಅದು ರವೀಂದ್ರನಾಥ ಟ್ಯಾಗೋರರ ‘ಗಾರ್ಡನರ್’ ಕೃತಿಯ ಉರ್ದು ಅನುವಾದ. ಆ ಪುಸ್ತಕ ಅಂಗಡಿಗೆ ಹಿಂದಿರುಗಲೇ ಇಲ್ಲ. ತಾನು ಕದ್ದ ಮೊದಲ ಪುಸ್ತಕ ಅದೇ ಎಂದು ಗುಲ್ಜಾರ್ ನಗುತ್ತಾ ಹೇಳಿಕೊಂಡಿದ್ದಾರೆ.

ಬರೆದು ಹೊಟ್ಟೆ ತುಂಬೀತೇ ಎಂಬುದು ಅಪ್ಪನ ಚಿಂತೆ. ಮುಂಬೈಗೆ ಬಂದ ಮಗ ಹೊಟ್ಟೆಪಾಡಿಗೆ ಸೇರಿದ್ದು ಬೆಲಾಸಿಸ್ ರಸ್ತೆಯ ಮೋಟಾರ್ ಗ್ಯಾರೇಜು. ಅಪಘಾತವಾದ ಕಾರುಗಳು ಅಲ್ಲಿಗೆ ಬರುತ್ತಿದ್ದವು. ನೆಗ್ಗಿದ ತಗಡನ್ನು ಬಡಿದು ಸರಿಮಾಡಿದ ಮೇಲೆ ಅಷ್ಟು ಜಾಗಕ್ಕೆ ಮಾತ್ರ ಬಣ್ಣ ಹೊಡೆಯಬೇಕು. ಹೊಸ ಬಣ್ಣ ಹಳೆಯದರ ಪಕ್ಕದಲ್ಲಿ ಎದ್ದು ಕಾಣಬಾರದು. ಬಿಸಿಲಿಗೆ ಮಾಸಿದ ಬಣ್ಣಕ್ಕೆ ಸರಿಹೊಂದುವ ಛಾಯೆ ಬರುವವರೆಗೂ ಬೆರೆಸುತ್ತಲೇ ಇರಬೇಕು. ಅದು ಅವನ ಪಾಲಿನ ಕೆಲಸ. ನಡುನಡುವೆ ಓದಲು ಪುರಸೊತ್ತು ಸಿಗುತ್ತದೆ ಎಂಬುದೇ ಆ ಕೆಲಸದ ಆಕರ್ಷಣೆ.

ಸಂಜೆಯಾದರೆ ಸಾಹಿತ್ಯ ಸಭೆ, ಎಡಪಂಥೀಯ ಲೇಖಕರ ಒಡನಾಟ. ಅಲ್ಲಿ ಪರಿಚಯವಾದವರಲ್ಲಿ ಒಬ್ಬರು ಗೀತರಚನಕಾರ ಶೈಲೇಂದ್ರ.

## ಕಲ್ಯಾಣಿ ಮನೆಯಿಂದ ಹೊರಗೆ ಹೋಗುತ್ತಾಳೋ?

ಬಿಮಲ್ ರಾಯ್ ‘ಬಂದಿನಿ’ ಚಿತ್ರ ಮಾಡುತ್ತಿದ್ದ ಕಾಲ. ಸಂಗೀತ ನಿರ್ದೇಶಕ ಎಸ್.ಡಿ. ಬರ್ಮನ್ ಮತ್ತು ಶೈಲೇಂದ್ರರ ನಡುವೆ ಮನಸ್ತಾಪವಾಗಿತ್ತು. ಒಂದು ಹಾಡು ಬೇಕು, ಬರೆಯುವವರಿಲ್ಲ. ಶೈಲೇಂದ್ರರೇ ಗುಲ್ಜಾರ್‌ಗೆ ಹೋಗಿ ನೋಡು ಎಂದರು. ಸಿನಿಮಾ ಎಂದರೆ ಮೂಗು ಮುರಿಯುತ್ತಿದ್ದ ಯುವಕನನ್ನು, ಸಿನಿಮಾದಲ್ಲಿರುವವರೆಲ್ಲ ಓದು ಬರಹ ಬಾರದವರು ಅಂದುಕೊಂಡಿದ್ದೀಯಾ ಎಂದು ಗದರಿಸಿಯೇ ಕಳಿಸಬೇಕಾಯಿತು.

ಅಲ್ಲಿ ನಡೆಯುತ್ತಿದ್ದ ಚರ್ಚೆ ಕೇಳಿ ಗುಲ್ಜಾರ್ ಬೆರಗಾದರು. ನಾಯಕಿ ಕಲ್ಯಾಣಿ ಬಂಗಾಳದ ಹಳ್ಳಿಯೊಂದರ ಪೋಸ್ಟ್‌ಮಾಸ್ಟರರ ಮಗಳು. ಮನಸ್ಸಿನಲ್ಲಿ ಮೊದಲ ಪ್ರೀತಿ ಮೊಳೆತಿದೆ, ಹಾಡಬೇಕು. ಬಿಮಲ್ ರಾಯ್ ಹೇಳಿದರು: ಆಕೆ ರಾತ್ರಿ ಹೊತ್ತು ಮನೆ ಬಿಟ್ಟು ಹೊರಗೆ ಹೋಗುವ ಹುಡುಗಿಯಲ್ಲ. ಬರ್ಮನ್ ಒಪ್ಪಲಿಲ್ಲ: ಅಪ್ಪನ ಎದುರು ಹೇಗೆ ಹಾಡುತ್ತಾಳೆ? ನಾಲ್ಕು ಗೋಡೆಯೊಳಗೆ ಕೂಡಿಹಾಕಿದರೆ ನನ್ನ ರಾಗಕ್ಕೇ ಉಸಿರು ಕಟ್ಟುತ್ತದೆ! ಕೊನೆಗೆ ಅಂಗಳದವರೆಗೆ ಬರಬಹುದು ಎಂಬಲ್ಲಿಗೆ ರಾಜಿ.

ಗುಲ್ಜಾರ್ ಬರೆದದ್ದು ಆ ಅಂಗಳಕ್ಕೆ ಹೇಳಿ ಮಾಡಿಸಿದ ಹಾಡು. ಹೋಗುವ ಆಸೆ ಒಂದು ಕಡೆ, ಬೆಳದಿಂಗಳಲ್ಲಿ ತನ್ನ ಬೆಳ್ಳನೆಯ ಮೈ ಎದ್ದು ಕಂಡೀತೆಂಬ ಅಂಜಿಕೆ ಇನ್ನೊಂದು ಕಡೆ. ಆದ್ದರಿಂದ ಮೈಯ ಬಣ್ಣವನ್ನೇ ಕೊಟ್ಟು ಕೃಷ್ಣನ ಕಪ್ಪನ್ನು ಪಡೆದು ಇರುಳಲ್ಲಿ ಒಂದಾಗಿಬಿಡುವ ಹಂಬಲ. ಹಗಲೆಲ್ಲ ಕಾರಿನ ಬಣ್ಣಕ್ಕೆ ಬಣ್ಣ ಹೊಂದಿಸುತ್ತಿದ್ದವನು ಬರೆದ ಹಾಡಿದು! ಲತಾ ಮಂಗೇಶ್ಕರ್ ಹಾಡಿದರು, ನೂತನ್ ತೆರೆಯ ಮೇಲೆ ನಡೆದರು. 1963ರಲ್ಲಿ ಚಿತ್ರ ಬಂತು. ಅದಕ್ಕೂ ಮೊದಲು ಅಲ್ಲಿ ಇಲ್ಲಿ ಒಂದೆರಡು ಚಿತ್ರಕ್ಕೆ ಬರೆದಿದ್ದರೂ ಗುಲ್ಜಾರ್ ಎಂಬ ಹೆಸರು ಜನರ ಕಿವಿಯಲ್ಲಿ ನಿಂತದ್ದು ಇದರಿಂದ.

ಅಷ್ಟರಲ್ಲಿ ಬರ್ಮನ್–ಶೈಲೇಂದ್ರರ ಮುನಿಸು ತೀರಿತು. ಉಳಿದ ಹಾಡುಗಳು ಶೈಲೇಂದ್ರರ ಪಾಲಾದವು. ಹೊಸಬನಿಗೆ ಸಿಕ್ಕಿದ್ದು ಆ ಒಂದೇ ಹಾಡು. ಆದರೆ ಬಿಮಲ್ ರಾಯ್ ಅವನನ್ನು ಗ್ಯಾರೇಜಿಗೆ ಮರಳಲು ಬಿಡದೆ ಸಹಾಯಕನನ್ನಾಗಿ ಇಟ್ಟುಕೊಂಡರು.

> ಗುಲ್ಜಾರ್: ಒಂದು ನೋಟ
>
> ಹುಟ್ಟು ಹೆಸರು: ಸಂಪೂರಣ್ ಸಿಂಗ್ ಕಾಲ್ರಾ
> ಮೊದಲ ನಿರ್ದೇಶನ: ‘ಮೇರೆ ಅಪನೆ’ (1971)
> ಕೊನೆಯ ನಿರ್ದೇಶನ: ‘ಹು ತು ತು’ (1999)
> ಸಾಹಿತ್ಯ ಅಕಾಡೆಮಿ ಪ್ರಶಸ್ತಿ: 2002, ‘ಧುಆಂ’ ಉರ್ದು ಕಥಾಸಂಕಲನಕ್ಕೆ
> ಪದ್ಮಭೂಷಣ: 2004
> ಆಸ್ಕರ್: 2009, ‘ಸ್ಲಂಡಾಗ್ ಮಿಲಿಯನೇರ್’ ಚಿತ್ರದ ‘ಜೈ ಹೋ’ ಗೀತೆಗೆ, ಎ.ಆರ್. ರೆಹಮಾನ್ ಜೊತೆ
> ಗ್ರ್ಯಾಮಿ: 2010, ಅದೇ ಗೀತೆಗೆ
> ದಾದಾಸಾಹೇಬ್ ಫಾಲ್ಕೆ: 2013ನೇ ಸಾಲಿನದು
> ಜ್ಞಾನಪೀಠ: 2023ನೇ ಸಾಲಿನದು, ಸಂಸ್ಕೃತ ವಿದ್ವಾಂಸ ರಾಮಭದ್ರಾಚಾರ್ಯರ ಜೊತೆ

## ಮಾತು ಬಾರದವರ ಸಿನಿಮಾ

ಬಿಮಲ್ ರಾಯ್ 1966ರಲ್ಲಿ ತೀರಿಕೊಂಡರು. ಅವರ ಗರಡಿಯವರೇ ಆದ ಹೃಷಿಕೇಶ್ ಮುಖರ್ಜಿ ಗುಲ್ಜಾರ್ ಕೈಗೆ ಸಂಭಾಷಣೆಯ ಕೆಲಸ ಕೊಟ್ಟರು. 1971ರ ‘ಆನಂದ್’ನಲ್ಲಿ ಸಾವು ಹೊಸ್ತಿಲಲ್ಲಿ ನಿಂತಿರುವಾಗಲೂ ಚಟಪಟ ಮಾತಾಡುವ ರಾಜೇಶ್ ಖನ್ನಾ, ಅಳೆದು ಸುರಿದು ಮಾತಾಡುವ ಅಮಿತಾಭ್ ಬಚ್ಚನ್. ಇಬ್ಬರ ಮಾತಿನ ಧಾಟಿಯನ್ನೂ ಕಟ್ಟಿದ ಕೈ ಒಂದೇ. ಆ ಸಂಭಾಷಣೆಗೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು.

ಅದೇ ವರ್ಷ ತಪನ್ ಸಿನ್ಹಾರ ಬಂಗಾಳಿ ಚಿತ್ರವೊಂದನ್ನು ಆಧರಿಸಿ ‘ಮೇರೆ ಅಪನೆ’ ನಿರ್ದೇಶಿಸಿದರು. ಮೀನಾ ಕುಮಾರಿ ಅದರಲ್ಲಿ ಹಳ್ಳಿಯ ಮುದುಕಿ. ಮರುವರ್ಷ ತೀರಿಕೊಂಡ ಆ ನಟಿ ತಮ್ಮ ಉರ್ದು ಕವಿತೆಗಳನ್ನು ಒಪ್ಪಿಸಿ ಹೋದದ್ದು ಇದೇ ನಿರ್ದೇಶಕನಿಗೆ. ಅವನ್ನು ಸಂಪಾದಿಸಿ ಪ್ರಕಟಿಸಿದವರೂ ಗುಲ್ಜಾರ್.

ಹಾಡು ಮತ್ತು ಮಾತನ್ನೇ ನಂಬಿ ಬದುಕಿದ ಮನುಷ್ಯ 1972ರಲ್ಲಿ ಮಾಡಿದ ಚಿತ್ರ ‘ಕೋಶಿಶ್’. ಅದರ ನಾಯಕ, ನಾಯಕಿ ಇಬ್ಬರಿಗೂ ಕಿವಿ ಕೇಳಿಸುವುದಿಲ್ಲ, ಮಾತು ಬರುವುದಿಲ್ಲ! ಸಂಜೀವ್ ಕುಮಾರ್, ಜಯಾ ಭಾದುರಿ ಕಣ್ಣಿನಲ್ಲೇ, ಕೈಯಲ್ಲೇ ಸಂಸಾರ ನಡೆಸಿದರು. ಚಿತ್ರಕಥೆಗೆ ಗುಲ್ಜಾರ್‌ಗೂ ನಟನೆಗೆ ಸಂಜೀವ್ ಕುಮಾರ್‌ಗೂ ರಾಷ್ಟ್ರಪ್ರಶಸ್ತಿ.

1975ರ ‘ಆಂಧಿ’ಯ ಕಥೆ ಬೇರೆ. ಸುಚಿತ್ರಾ ಸೇನ್ ಅದರಲ್ಲಿ ರಾಜಕಾರಣಿ. ಕೂದಲಲ್ಲಿ ಒಂದು ಬೆಳ್ಳಿ ಎಳೆ, ಸೀರೆ ಉಟ್ಟ ರೀತಿ, ಬಿರುಸು ನಡಿಗೆ. ನೋಡಿದವರಿಗೆ ಇಂದಿರಾ ಗಾಂಧಿಯೇ ನೆನಪಾದರು. ತುರ್ತು ಪರಿಸ್ಥಿತಿಯಲ್ಲಿ ಪ್ರದರ್ಶನ ನಿಂತಿತು. 1977ರಲ್ಲಿ ಸರ್ಕಾರ ಬದಲಾದ ಮೇಲೆ ಚಿತ್ರ ಮತ್ತೆ ಹೊರಬಂತು.

ರಾಜಕೀಯದ ಗದ್ದಲ ತಣ್ಣಗಾದ ಮೇಲೂ ‘ಆಂಧಿ’ ಉಳಿದಿರುವುದು ಅದರ ಹಾಡುಗಳಿಂದ. ಬೇರೆಯಾಗಿ ವರ್ಷಗಳೇ ಕಳೆದ ಗಂಡಹೆಂಡಿರು ರಾತ್ರಿ ಪಾಳು ಗೋಡೆಗಳ ನಡುವೆ ನಡೆಯುತ್ತಾರೆ. ಹಾಡು ಅರ್ಧಕ್ಕೆ ನಿಲ್ಲುತ್ತದೆ. ಇಬ್ಬರೂ ಚಂದ್ರನ ಬಗ್ಗೆ, ಅಮಾವಾಸ್ಯೆಯ ಬಗ್ಗೆ ನಾಲ್ಕು ಮಾತಾಡುತ್ತಾರೆ. ಹಾಡು ಮತ್ತೆ ಶುರುವಾಗುತ್ತದೆ. ಮಾತು ಎಲ್ಲಿ ಮುಗಿಯಿತು, ಹಾಡು ಎಲ್ಲಿ ಹತ್ತಿಕೊಂಡಿತು ಎಂದು ಗೆರೆ ಎಳೆಯುವುದು ಕಷ್ಟ. ಹಾಡು ಬರೆದವನೇ ಕ್ಯಾಮೆರಾದ ಹಿಂದೆಯೂ ನಿಂತಿದ್ದರಿಂದ ಆದ ಲಾಭ ಇದು.

ಸೋತ ಕಥೆಯನ್ನೂ ಅವರು ಕೈಬಿಡುವವರಲ್ಲ. ಶೇಕ್ಸ್‌ಪಿಯರನ ‘ಕಾಮಿಡಿ ಆಫ್ ಎರರ್ಸ್’ ನಾಟಕವನ್ನು ಆಧರಿಸಿ 1968ರಲ್ಲಿ ‘ದೋ ದೂನಿ ಚಾರ್’ಗೆ ಚಿತ್ರಕಥೆ ಬರೆದಿದ್ದರು. ಚಿತ್ರ ಮಕಾಡೆ ಮಲಗಿತು. ಹದಿನಾಲ್ಕು ವರ್ಷ ಬಿಟ್ಟು ಅದೇ ಕಥೆಯನ್ನು ತಾವೇ ‘ಅಂಗೂರ್’ ಆಗಿ ನಿರ್ದೇಶಿಸಿದರು. ಹಿಂದಿಯ ಅತ್ಯುತ್ತಮ ಹಾಸ್ಯಚಿತ್ರಗಳ ಯಾವ ಪಟ್ಟಿ ತೆಗೆದರೂ ಅದಕ್ಕೊಂದು ಜಾಗ ಇದ್ದೇ ಇದೆ.

## ‘ನಾಳೆ ಪೇಪರು ತರುತ್ತೀಯಾ?’

ಈ ಪಯಣದಲ್ಲಿ ಗುಲ್ಜಾರ್‌ಗೆ ಸಿಕ್ಕ ಜೋಡಿ ಆರ್.ಡಿ. ಬರ್ಮನ್. ಆಪ್ತರ ಬಾಯಲ್ಲಿ ಪಂಚಮ್. 1972ರ ‘ಪರಿಚಯ್’ ಚಿತ್ರಕ್ಕೆ ಗುಲ್ಜಾರ್ ಒಂದು ಪಲ್ಲವಿ ಕೊಟ್ಟು ಬಂದಿದ್ದರು. ಪಂಚಮ್ ನಡುರಾತ್ರಿ ಮನೆಗೆ ಬಂದು ಎಬ್ಬಿಸಿ, ಕಾರಿನಲ್ಲಿ ಕೂರಿಸಿಕೊಂಡು ಬಾಂದ್ರಾದ ಬೀದಿ ಬೀದಿ ಸುತ್ತಿದರು. ಕಾರಿನ ಡ್ಯಾಶ್‌ಬೋರ್ಡ್ ಮೇಲೆ ತಾಳ ಕುಟ್ಟುತ್ತಾ ರಾಗ ಕೇಳಿಸಿದರು. ಸಾಲು ಸೇರಿದಂತೆ ರಾಗ ಬೆಳೆಯಿತು, ರಾಗ ಬೆಳೆದಂತೆ ಸಾಲು ಸೇರಿತು. ಬೆಳಗಾಗುವುದರೊಳಗೆ ಹಾಡು ಸಿದ್ಧ.

ಆದರೆ ‘ಇಜಾಜತ್’ ಚಿತ್ರದ ‘ಮೇರಾ ಕುಛ್ ಸಾಮಾನ್’ ಓದಿದಾಗ ಪಂಚಮ್‌ಗೂ ತಾಳ್ಮೆ ತಪ್ಪಿತು. ಅದರಲ್ಲಿ ಪ್ರಾಸವಿಲ್ಲ, ಸಾಲುಗಳು ಒಂದೇ ಅಳತೆಯಲ್ಲಿಲ್ಲ. ನೋಡಿದರೆ ಕಾಗದ ಬರೆದಂತಿದೆ. ನಾಳೆ ‘ಟೈಮ್ಸ್ ಆಫ್ ಇಂಡಿಯಾ’ ಪೇಪರು ತಂದು ಇದಕ್ಕೂ ರಾಗ ಹಾಕು ಅನ್ನುತ್ತೀಯಾ ಎಂದು ರೇಗಿದರು. ಪಕ್ಕದಲ್ಲಿದ್ದ ಆಶಾ ಭೋಸ್ಲೆ ಮಾತ್ರ ಅದರ ಒಂದು ತುಣುಕನ್ನು ಸುಮ್ಮನೆ ಗುನುಗತೊಡಗಿದರು. ಪಂಚಮ್ ಕಿವಿ ಚುರುಕಾಯಿತು. ಆ ಎಳೆಯನ್ನೇ ಹಿಡಿದು ಇಡೀ ಹಾಡು ಕಟ್ಟಿದರು.

ಅದು ಕಾಗದವೇ. ಬಿಟ್ಟುಹೋದ ಪ್ರೇಯಸಿ ತನ್ನ ಸಾಮಾನು ವಾಪಸ್ ಕೇಳುತ್ತಿದ್ದಾಳೆ. ಪಟ್ಟಿಯಲ್ಲಿ ಪೆಟ್ಟಿಗೆ, ಬಟ್ಟೆ ಇಲ್ಲ. ಮಳೆಗಾಲದ ಕೆಲವು ದಿನಗಳಿವೆ, ಒಂದೇ ಕೊಡೆಯಡಿ ಇಬ್ಬರೂ ಅರ್ಧರ್ಧ ನೆನೆದದ್ದಿದೆ. ಮನಸ್ಸು ಒಂದು ಕಡೆ ನಿಲ್ಲದ ಹುಡುಗಿ ಬರೆದ ಕಾಗದದಲ್ಲಿ ಪ್ರಾಸ ಕೂಡಿಸಿದ್ದರೆ ಅದು ಅವಳ ಕಾಗದವಾಗುತ್ತಿರಲಿಲ್ಲ. 1987ರ ಈ ಹಾಡಿಗೆ ಗುಲ್ಜಾರ್ ಮತ್ತು ಆಶಾ ಇಬ್ಬರಿಗೂ ರಾಷ್ಟ್ರಪ್ರಶಸ್ತಿ ಬಂತು. ಕೆಲವೇ ವರ್ಷಗಳಲ್ಲಿ, 1994ರ ಜನವರಿಯಲ್ಲಿ ಪಂಚಮ್ ತೀರಿಕೊಂಡರು.

ಗುಲ್ಜಾರ್ ಪ್ರತಿಮೆಗಳಿಗೆ ಎಲ್ಲರೂ ತಲೆದೂಗಿದ್ದಾರೆ ಎಂದಲ್ಲ. 1969ರ ‘ಖಾಮೋಶಿ’ಯಲ್ಲಿ ಕಣ್ಣಿಗೆ ಪರಿಮಳವಿದೆ ಎಂದು ಬರೆದಾಗ, ಕಣ್ಣು ನೋಡುವ ವಸ್ತುವೋ ಮೂಸುವ ವಸ್ತುವೋ ಎಂದು ಆಡಿಕೊಂಡವರಿದ್ದರು. 2010ರಲ್ಲಿ ‘ಇಷ್ಕಿಯಾ’ದ ಹಾಡೊಂದರ ಆರಂಭ ಹಿಂದಿ ಕವಿ ಸರ್ವೇಶ್ವರ ದಯಾಳ್ ಸಕ್ಸೇನಾರ ಮಕ್ಕಳ ಪದ್ಯವನ್ನು ಹೋಲುತ್ತದೆ ಎಂಬ ವಿವಾದವೂ ಎದ್ದಿತು.

> ಕನ್ನಡದ ನಂಟು
>
> ಕನ್ನಡ ಚಿತ್ರಗೀತೆಗಳಿಂದ ಮನೆಮಾತಾದ ವಾಣಿ ಜಯರಾಂ ಹಿಂದಿಗೆ ಕಾಲಿಟ್ಟದ್ದು ಗುಲ್ಜಾರ್ ಹಾಡಿನ ಮೂಲಕವೇ. ಚಿತ್ರ 1971ರ ‘ಗುಡ್ಡಿ’, ಸಂಗೀತ ವಸಂತ ದೇಸಾಯಿ. ಅದೇ ಚಿತ್ರದ ಗುಲ್ಜಾರ್ ಪ್ರಾರ್ಥನೆ ದೇಶದ ಎಷ್ಟೋ ಶಾಲೆಗಳ ಬೆಳಗಿನ ಪ್ರಾರ್ಥನೆಯಾಯಿತು.
>
> 1979ರಲ್ಲಿ ಗುಲ್ಜಾರ್ ‘ಮೀರಾ’ ನಿರ್ದೇಶಿಸಿದಾಗ ಲತಾ ಮಂಗೇಶ್ಕರ್ ಹಾಡಲು ಒಪ್ಪಲಿಲ್ಲ, ಲಕ್ಷ್ಮೀಕಾಂತ್–ಪ್ಯಾರೇಲಾಲ್ ಹಿಂದೆ ಸರಿದರು. ಪಂಡಿತ್ ರವಿಶಂಕರ್ ಸಂಗೀತದಲ್ಲಿ ವಾಣಿ ಜಯರಾಂ ಮೀರಾಳ ದನಿಯಾದರು, ಫಿಲ್ಮ್‌ಫೇರ್ ಪ್ರಶಸ್ತಿ ಗೆದ್ದರು.
>
> ‘ಅಂಗೂರ್’ಗೆ ಸ್ಫೂರ್ತಿಯಾದ ಅದೇ ಶೇಕ್ಸ್‌ಪಿಯರ್ ನಾಟಕ 1997ರಲ್ಲಿ ಎನ್.ಎಸ್. ಶಂಕರ್ ನಿರ್ದೇಶನದ ‘ಉಲ್ಟಾ ಪಲ್ಟಾ’ ಆಗಿ ಕನ್ನಡಕ್ಕೆ ಬಂತು.
>
> ಗುಲ್ಜಾರ್ ಆಯ್ದು ಅನುವಾದಿಸಿದ ‘ಎ ಪೊಯಮ್ ಎ ಡೇ’ ಸಂಕಲನದಲ್ಲಿ ದಿನಕ್ಕೊಂದರಂತೆ 365 ಕವಿತೆಗಳಿವೆ. 34 ಭಾಷೆಗಳ ಆ ಸಾಲಿನಲ್ಲಿ ಕನ್ನಡವೂ ಇದೆ.

## ಗಾಲಿಬ್ ನಡುಮನೆಗೆ ಬಂದ

ಉರ್ದು ಕವಿ ಮಿರ್ಜಾ ಗಾಲಿಬ್ ಬಗ್ಗೆ ಸಿನಿಮಾ ಮಾಡಬೇಕು ಎಂಬುದು ಗುಲ್ಜಾರರ ಹಳೆಯ ಕನಸು. ಮನಸ್ಸಿನಲ್ಲಿದ್ದ ನಟ ಸಂಜೀವ್ ಕುಮಾರ್. 1985ರ ನವೆಂಬರಿನಲ್ಲಿ ಸಂಜೀವ್ ತೀರಿಕೊಂಡರು. 1988ರಲ್ಲಿ ಗಾಲಿಬ್ ಕೊನೆಗೂ ಬಂದದ್ದು ದೂರದರ್ಶನದ ಧಾರಾವಾಹಿಯಾಗಿ. ಗಾಲಿಬ್ ಆದವರು ನಾಸಿರುದ್ದೀನ್ ಷಾ. ಕಾಸಿಲ್ಲದ ದಿನಗಳಲ್ಲೇ ತಾನು ಗುಲ್ಜಾರ್‌ಗೆ ಪತ್ರ ಬರೆದು ಗಾಲಿಬ್ ಪಾತ್ರಕ್ಕೆ ನಾನೇ ತಕ್ಕವನು ಎಂದಿದ್ದೆ ಎಂದು ನಾಸಿರ್ ಹೇಳಿಕೊಂಡಿದ್ದಾರೆ.

ಇಲ್ಲಿ ಗೀತಕಾರ ಗುಲ್ಜಾರ್ ತಾವು ಹಿಂದೆ ಸರಿದು ನಿಂತರು. ಹಾಡುಗಳೆಲ್ಲ ಗಾಲಿಬನವು, ಹಾಡಿದವರು ಜಗಜೀತ್ ಸಿಂಗ್, ಚಿತ್ರಾ ಸಿಂಗ್. ಗುಲ್ಜಾರ್ ಉಳಿಸಿಕೊಂಡದ್ದು ಆಯ್ಕೆ, ಚಿತ್ರಕಥೆ, ಮತ್ತು ಹಳೆ ದೆಹಲಿಯ ಬಲ್ಲೀಮಾರಾನ್ ಗಲ್ಲಿಗಳೊಳಗೆ ಪ್ರೇಕ್ಷಕರ ಕೈಹಿಡಿದು ಕರೆದೊಯ್ಯುವ ನಿರೂಪಣೆಯ ದನಿ. ಸಾಲಗಾರರು ಬಾಗಿಲು ಬಡಿಯುವ, ಹುಟ್ಟಿದ ಮಕ್ಕಳು ಉಳಿಯದ, ಮಾತಿನಲ್ಲಿ ಮಾತ್ರ ಯಾರಿಗೂ ಸೋಲದ ಮನುಷ್ಯನ ಸಂದರ್ಭದಲ್ಲಿ ಗಜಲು ಹುಟ್ಟುವುದನ್ನು ಜನ ಕಂಡರು. ಉರ್ದು ಗೊತ್ತಿಲ್ಲದ ಮನೆಗಳಲ್ಲೂ ಆ ಕ್ಯಾಸೆಟ್ಟುಗಳು ತಿರುಗಿದವು.

ಟೀವಿಯನ್ನು ಸಿನಿಮಾದ ಬಡ ತಮ್ಮನಂತೆ ಅವರು ಕಾಣಲಿಲ್ಲ. ‘ಕಿರದಾರ್’ನಲ್ಲಿ ಸಣ್ಣಕಥೆಗಳನ್ನು ತಂದರು, ಮುಂದೆ ಪ್ರೇಮ್‌ಚಂದ್‌ರ ಕೃತಿಗಳನ್ನು ಧಾರಾವಾಹಿ ಮಾಡಿದರು. ಮಕ್ಕಳಿಗಾಗಿ ‘ಪೋಟ್ಲಿ ಬಾಬಾ ಕಿ’ಗೆ ಬರೆದರು. ಮಕ್ಕಳ ಬಾಯಿಗೆ ಬರೆಯುವ ಕಲೆಯನ್ನು ಶೇಖರ್ ಕಪೂರರ ‘ಮಾಸೂಮ್’ನಲ್ಲೇ ಅವರು ತೋರಿಸಿದ್ದರು. 1983ರ ಆ ಚಿತ್ರದ ಮರದ ಕುದುರೆಯ ಹಾಡಿಗೆ ದನಿ ಕೊಟ್ಟದ್ದು ಮೂವರು ಮಕ್ಕಳೇ.

> ಮೂರನೆಯ ಸಾಲು
>
> ‘ತ್ರಿವೇಣಿ’ ಗುಲ್ಜಾರ್ ತಾವೇ ಕಟ್ಟಿಕೊಂಡ ಮೂರು ಸಾಲಿನ ಪದ್ಯರೂಪ. ಮೊದಲೆರಡು ಸಾಲು ಗಂಗೆ, ಯಮುನೆಗಳಂತೆ ತಾವೇ ಪೂರ್ಣ. ಮೂರನೆಯದು ಕಣ್ಣಿಗೆ ಕಾಣದ ಸರಸ್ವತಿ. ಅದು ಬಂದು ಸೇರಿದಾಗ ಮೊದಲೆರಡರ ಅರ್ಥವೇ ಬೇರೆಯಾಗುತ್ತದೆ.
>
> ತೆರೆ ಕಾಣದ ಚಿತ್ರ: 1980ರ ದಶಕದಲ್ಲಿ ಅವರು ನಿರ್ದೇಶಿಸಿದ ‘ಲಿಬಾಸ್’ ಚಿತ್ರಮಂದಿರಗಳಿಗೆ ಬರಲೇ ಇಲ್ಲ. 2014ರಲ್ಲಿ ಗೋವಾ ಚಿತ್ರೋತ್ಸವದಲ್ಲಿ ಪ್ರದರ್ಶನ ಕಂಡಿತು.

## ಬೀಡಿ ಸೇದುವವನ ಬಾಯಲ್ಲಿ ಗಾಲಿಬ್ ಬರುತ್ತಾನೆಯೇ?

ಕಾರ್ಟೂನಿನ ಹಾಡಿನಿಂದ ಬೆಸೆದ ನಂಟು ದೂರ ಸಾಗಿತು. 1996ರಲ್ಲಿ ಪಂಜಾಬಿನ ಉಗ್ರವಾದದ ಬಿಸಿಯಲ್ಲಿ ಬೆಂದ ಹುಡುಗರ ಕಥೆ ‘ಮಾಚಿಸ್’ ಮಾಡಿದಾಗ ಗುಲ್ಜಾರ್ ಸಂಗೀತಕ್ಕೆ ಕರೆದದ್ದು ಅದೇ ವಿಶಾಲ್ ಭಾರದ್ವಾಜ್‌ರನ್ನು. ಹತ್ತು ವರ್ಷ ಕಳೆದು ವಿಶಾಲ್ ತಾವೇ ನಿರ್ದೇಶಕರಾಗಿ ಶೇಕ್ಸ್‌ಪಿಯರನ ‘ಒಥೆಲೋ’ವನ್ನು ಉತ್ತರ ಪ್ರದೇಶದ ರೌಡಿ ರಾಜಕೀಯಕ್ಕೆ ತಂದು ‘ಓಂಕಾರ’ ಮಾಡಿದರು. ಅದಕ್ಕೆ ಗುಲ್ಜಾರ್ ಬರೆದ ಬೀಡಿಯ ಹಾಡು ಮದುವೆ ಮೆರವಣಿಗೆ, ಗಣೇಶೋತ್ಸವ ಎನ್ನದೆ ದೇಶದ ಧ್ವನಿವರ್ಧಕಗಳನ್ನು ಆಳಿತು.

‘ಇಜಾಜತ್’ ಬರೆದ ಕೈಗೆ ಇದೇನಾಯಿತು ಎಂದು ಹಳೆಯ ಅಭಿಮಾನಿಗಳು ಹುಬ್ಬೇರಿಸಿದರು. ಗುಲ್ಜಾರ್ ಕೊಟ್ಟ ಉತ್ತರದ ಸಾರ ಇಷ್ಟು: ‘ಓಂಕಾರ’ದ ಲಂಗಡಾ ತ್ಯಾಗಿಯಂಥ ರೌಡಿಗಳ ಸಹವಾಸದಲ್ಲಿ ಗಾಲಿಬನ ಗಜಲು ಹಾಡಿಸಲಾಗುತ್ತದೆಯೇ? ಅವರು ಹಾಡುವುದು ಹೀಗೆಯೇ. ಅದಕ್ಕೂ ಒಂದು ವರ್ಷ ಮೊದಲು ‘ಬಂಟಿ ಔರ್ ಬಬ್ಲಿ’ಯ ಕುಣಿತದ ಹಾಡಿಗೆ ಅವರು ಲಾರಿಗಳ ಹಿಂದೆ ಬರೆಯುವ ಮಾತುಗಳ ಧಾಟಿ ತಂದಿದ್ದರು. ಹೆದ್ದಾರಿಯ ಭಾಷೆಗೂ ಅವರ ವಹಿಯಲ್ಲಿ ಪುಟವಿತ್ತು.

ಆಸ್ಕರ್ ತಂದ ಹಾಡಿನ ಹಿಂದೆಯೂ ಇದೇ ಲೆಕ್ಕಾಚಾರ. ಅದು ಮೊದಲು ಹುಟ್ಟಿದ್ದು ಸುಭಾಷ್ ಘೈ ಅವರ ‘ಯುವರಾಜ್’ ಚಿತ್ರಕ್ಕೆ. ಅಲ್ಲಿನ ಪಾತ್ರಕ್ಕೆ ಹೊಂದಲಿಲ್ಲ ಎಂದು ಬದಿಗೆ ಸರಿದ ಹಾಡು ‘ಸ್ಲಂಡಾಗ್’ನ ಕೊನೆಗೆ, ಮುಂಬೈ ರೈಲು ನಿಲ್ದಾಣದ ಪ್ಲಾಟ್‌ಫಾರ್ಮಿನ ಮೇಲೆ, ತನ್ನವರನ್ನು ಕಂಡುಕೊಂಡಿತು. 2009ರ ಫೆಬ್ರುವರಿ 22ರಂದು ಲಾಸ್ ಏಂಜಲೀಸ್‌ನ ವೇದಿಕೆಯಲ್ಲಿ ಹೆಸರು ಕೂಗಿದಾಗ ರೆಹಮಾನ್ ಇದ್ದರು, ಗೀತಕಾರ ಅಲ್ಲಿರಲಿಲ್ಲ.

ನಿರ್ದೇಶನ ಬಿಟ್ಟು ಎಷ್ಟೋ ವರ್ಷಗಳಾದವು. ಬರವಣಿಗೆ ಬಿಟ್ಟಿಲ್ಲ. ಮುಂಬೈ ಪಾಲಿ ಹಿಲ್‌ನ ಮನೆಯ ಹೆಸರು ‘ಬೋಸ್ಕಿಯಾನಾ’. ಬೋಸ್ಕಿ ಎಂದರೆ ಮಗಳು ಮೇಘನಾ. ಆಕೆ ಚಿಕ್ಕವಳಿದ್ದಾಗ ಹುಟ್ಟುಹಬ್ಬಕ್ಕೆ ಅಪ್ಪ ಪುಸ್ತಕ ಬರೆದುಕೊಡುತ್ತಿದ್ದರು. 2018ರಲ್ಲಿ ಮಗಳು ‘ರಾಝಿ’ ನಿರ್ದೇಶಿಸಿದಾಗ ಅಪ್ಪನಿಂದ ಹಾಡು ಕೇಳಿದಳು.

ಕೇಳಿದ ಸಂದರ್ಭವೋ ಕತ್ತಿಯ ಅಲಗು. 1971ರ ಯುದ್ಧದ ಹೊತ್ತು. ಪಾಕಿಸ್ತಾನದ ಸೇನಾ ಕುಟುಂಬಕ್ಕೆ ಸೊಸೆಯಾಗಿ ಹೋದ ಭಾರತದ ಗೂಢಚಾರಿಣಿ, ಅಲ್ಲಿನ ಶಾಲಾ ಮಕ್ಕಳಿಗೆ ದೇಶಭಕ್ತಿ ಗೀತೆ ಕಲಿಸಬೇಕು. ಮಕ್ಕಳು ಹಾಡುವುದು ತಮ್ಮ ಪಾಕಿಸ್ತಾನಕ್ಕೆ. ಅವಳು ಹಾಡುವುದು ಗಡಿಯ ಈಚೆಗಿನ ತನ್ನ ನಾಡಿಗೆ. ಎದುರು ಕುಳಿತ ಸೇನಾಧಿಕಾರಿಗಳಿಗೆ ಎಳ್ಳಷ್ಟೂ ಅನುಮಾನ ಬರಬಾರದು.

ಗುಲ್ಜಾರ್ ಹಾಡಿನಲ್ಲಿ ಯಾವ ದೇಶದ ಹೆಸರನ್ನೂ ತರಲಿಲ್ಲ. ಕವಿ ಇಕ್ಬಾಲ್‌ರ ಹಳೆಯ ಶಾಲಾ ಪ್ರಾರ್ಥನೆಯ ಎಳೆಯೊಂದು ಅದರಲ್ಲಿ ಸೇರಿತು. ಬರೆದವರು ಹುಟ್ಟಿದ ದೀನಾ ಆ ಕಡೆಗಿದೆ. 2013ರಲ್ಲಿ ಅವರು ಅಲ್ಲಿಗೆ ಹೋಗಿ, ಮನಸ್ಸು ತಡೆಯಲಾರದೆ, ಒಪ್ಪಿಕೊಂಡಿದ್ದ ಕರಾಚಿ ಸಾಹಿತ್ಯೋತ್ಸವಕ್ಕೂ ನಿಲ್ಲದೆ ಮರಳಿದ್ದರು. ಶಂಕರ್–ಎಹಸಾನ್–ಲಾಯ್ ಸಂಗೀತದ ಆ ಹಾಡು ಈಗ ಸ್ವಾತಂತ್ರ್ಯ ದಿನದಂದು ನಮ್ಮ ಶಾಲಾ ಮೈದಾನಗಳಲ್ಲಿ ಮೊಳಗುತ್ತದೆ. ಅದಕ್ಕಾಗಿ 2019ರ ಫಿಲ್ಮ್‌ಫೇರ್ ಪ್ರಶಸ್ತಿ ಸಂದಾಗ ಗುಲ್ಜಾರ್‌ಗೆ ಎಂಬತ್ತನಾಲ್ಕು ವರ್ಷ.